ಮರುಭೂಮಿಯ ಗೋಗ್ರಾಸ

ಶ್ರಾವಣದ ಶುಕ್ರವಾರ. ಲಕ್ಷ್ಮೀಪೂಜೆಗೆ ಹೂವು, ಬಾಳೆಹಣ್ಣು, ವೀಳ್ಯದೆಲೆ ತರಲೆಂದು ಬೆಳಗ್ಗೆ ಬಿಸಿಲೇರುವ ಮೊದಲೇ ಮಗಳೊಡನೆ ಮಸ್ಕತ್ತಿನ ಬಳಿಯ ಸೀಬ್ ಎಂಬ ಊರಿನ ಹಳೆಯ ಪೇಟೆಗೆ ಹೋಗಿದ್ದೆ. ಸಮುದ್ರದ ಕಡೆಯಿಂದ ಮೀನಿನ ವಾಸನೆ ಬರುತ್ತಿತ್ತು. ಅಂಗಡಿಗಳ ಒಳಗಿನಿಂದ ಲೋಬಾನದ ಹೊಗೆ ತೇಲಿಬರುತ್ತಿತ್ತು. ಅವೆರಡರ ನಡುವೆ ದಾರಿ ಮಾಡಿಕೊಂಡು ಮೂರನೆಯ ಗಂಧವೊಂದು ಬಂದು ನನ್ನನ್ನು ನಿಂತಲ್ಲೇ ನಿಲ್ಲಿಸಿತು. ಆಗಷ್ಟೇ ಕೊಯ್ದ ಕುದುರೆಮೆಂತ್ಯದ ಗಂಧ. ಮೆಂತ್ಯಸೊಪ್ಪಿನ ಕಹಿ ಅದರಲ್ಲಿ ತುಸುವೇ ಇದೆ, ಉಳಿದದ್ದೆಲ್ಲ ಹಾಲುಹುಲ್ಲಿನ ಸಿಹಿ. ಪಿಕಪ್ ಗಾಡಿಯೊಂದರ ಹಿಂಬದಿಯಲ್ಲಿ ಹಸಿರು ಸಿವುಡುಗಳನ್ನು ಒಟ್ಟಿಕೊಂಡು ಮಾರುವವನು ನಿಂತಿದ್ದ.

ಹತ್ತಿರ ಹೋಗಿ ಒಂದು ಸಿವುಡನ್ನು ಮೂಸಿ ನೋಡಿದೆ. ಎಷ್ಟು ಆಡುಗಳಿವೆ ಬಾಬಾ ಎಂದು ಅವನು ಹಿಂದಿಯಲ್ಲಿ ಕೇಳಿದ. ಒಂದೂ ಇಲ್ಲವೆಂದೆ. ನಕ್ಕು, ಒಂದು ಹಿಡಿ ಕಿತ್ತು ನನ್ನ ಕೈಗಿಟ್ಟ. ಕಾಸು ಮುಟ್ಟಲಿಲ್ಲ.

“ಅಪ್ಪಾ, ಎಂತಕ್ಕೆ ಅದು?” ಎಂದು ಮಗಳು ಮೆಲ್ಲನೆ ಕೇಳಿದಳು. ಹೂವಿನ ಪೊಟ್ಟಣದ ಜೊತೆಗೆ ಆ ಹಿಡಿಹುಲ್ಲನ್ನೂ ಮಡಿಲಲ್ಲಿಟ್ಟುಕೊಂಡು ಕಾರಿನಲ್ಲಿ ಕುಳಿತೆ. ದಾರಿಯುದ್ದಕ್ಕೂ ನನ್ನ ಕಣ್ಣೆದುರಿಗಿದ್ದುದು ಹಸಿರು ಗಾಜಿನ ಬಳೆ ತೊಟ್ಟ ಎರಡು ಕೈಗಳು…

ಅವರನ್ನು ನಾನು ಅತ್ತಿಗೆ ಎಂದು ಕರೆಯುತ್ತಿದ್ದೆ. ರಕ್ತಸಂಬಂಧವೇನೂ ಇರಲಿಲ್ಲ. ಮೂರು ದಶಕಗಳಿಗೂ ಹಿಂದಿನ ಮಾತು. ಮಸ್ಕತ್ತಿನಿಂದ ಸಲಾಲಾದತ್ತ ಹೋಗುವ ಹೆದ್ದಾರಿಯಲ್ಲಿ ಹಗಲೆಲ್ಲ ಸಾಗಿ, ಹೈಮಾ ಎಂಬ ಊರನ್ನು ಮುಟ್ಟಿ, ಟಾರು ರಸ್ತೆ ಬಿಟ್ಟು ಬಯಲಿಗಿಳಿದು ಮತ್ತೂ ಬಹಳ ದೂರ ಹೋದರೆ ವನ್ಯಪ್ರಾಣಿಗಳ ರಕ್ಷಣೆಯ ಶಿಬಿರವೊಂದಿತ್ತು. ಅಲ್ಲಿ ನಾನು ಉಗ್ರಾಣದ ಮೇಲ್ವಿಚಾರಕ. ಮೇವು, ಡೀಸೆಲ್ಲು, ನೀರಿನ ಟ್ಯಾಂಕರು, ಔಷಧಿಯ ಪೆಟ್ಟಿಗೆ, ಎಲ್ಲವೂ ನನ್ನ ಸುಪರ್ದಿನಲ್ಲಿ. ಸಂಸ್ಕೃತ ಪಾಠಶಾಲೆಯಲ್ಲಿ ಕಾವ್ಯ, ವ್ಯಾಕರಣ, ಧರ್ಮಶಾಸ್ತ್ರವೆಂದು ಹತ್ತಾರು ವರ್ಷ ಕಳೆದವನು ಹುಲ್ಲಿನ ಸಿವುಡು ಎಣಿಸುವ ಕೆಲಸಕ್ಕೆ ಬಂದದ್ದು ಭಗವಂತನ ಚಿತ್ತ. ನನ್ನ ಮರದ ಕೋಣೆಗೆ ತಾಗಿಕೊಂಡು ಪಶುವೈದ್ಯರ ಮನೆ. ಅವರೂ ನಮ್ಮ ಕರಾವಳಿಯವರೇ. ಅತ್ತಿಗೆ ಅವರ ಹೆಂಡತಿ. ಆ ಬಯಲಿನಲ್ಲಿ ಆಗ ಇದ್ದ ಒಬ್ಬಳೇ ಕನ್ನಡತಿ.

ಬಯಲೆಂದರೆ ಮರಳಿನ ದಿಣ್ಣೆಗಳ ಸಾಲಲ್ಲ. ಚಪ್ಪಟೆ ನೆಲ, ಸಣ್ಣ ಬೆಣಚುಕಲ್ಲು, ಅಲ್ಲಲ್ಲಿ ಕೊಡೆ ಬಿಚ್ಚಿದಂತೆ ನಿಂತ ಜಾಲಿಯ ಮರ, ಮಳೆ ಬಿದ್ದ ವರ್ಷ ಮೊಣಕಾಲೆತ್ತರದ ಹುಲ್ಲು. ದೂರದ ಸಮುದ್ರದಿಂದ ಕೆಲವು ಮುಂಜಾವಗಳಲ್ಲಿ ದಟ್ಟ ಮಂಜು ಬಂದು ಎಲ್ಲವನ್ನೂ ಮುಚ್ಚಿಬಿಡುತ್ತಿತ್ತು. ಮರಗಳಿಂದ ಹನಿ ತೊಟ್ಟಿಕ್ಕುತ್ತಿತ್ತು. ಕೆರೆ ಬಾವಿಗಳಿಲ್ಲದ ಆ ನೆಲದಲ್ಲಿ ಪ್ರಾಣಿಗಳು ಆ ಹನಿಯನ್ನೇ ನೆಕ್ಕಿ ಬದುಕುತ್ತಿದ್ದವು. ಅಂಥ ಪ್ರಾಣಿಗಳಲ್ಲಿ ಶ್ರೇಷ್ಠವಾದದ್ದು ಓರಿಕ್ಸ್ ಎಂಬ ಹುಲ್ಲೆ. ಮೈ ಬೆಳ್ಳಗೆ, ಕಾಲುಗಳಿಗೆ ಮಾತ್ರ ಕಪ್ಪು ಮೇಜೋಡು ಹಾಕಿದಂತೆ, ತಲೆಯ ಮೇಲೆ ಈಟಿಯಂಥ ನೇರ ಕೊಂಬುಗಳು. ಒಂದು ಕಾಲದಲ್ಲಿ ವಾಹನಗಳಲ್ಲಿ ಬೆನ್ನಟ್ಟಿ ಬೇಟೆಯಾಡಿ ಕಡೆಯದನ್ನೂ ಮುಗಿಸಿದ್ದರಂತೆ. ಪರದೇಶಗಳ ಮೃಗಾಲಯಗಳಲ್ಲಿ ಉಳಿದಿದ್ದ ಕೆಲವನ್ನು ಮರಳಿ ತಂದು, ಬೇಲಿಯೊಳಗೆ ಮರಿ ಮಾಡಿಸಿ, ಹಿಂಡು ಕಟ್ಟಿ ಬಯಲಿಗೆ ಬಿಡುವುದೇ ನಮ್ಮ ಶಿಬಿರದ ಕೆಲಸವಾಗಿತ್ತು. ಆದರೆ ಬಿಟ್ಟವುಗಳಿಗೂ ನೆಮ್ಮದಿಯಿರಲಿಲ್ಲ. ಜೀವಂತ ಹಿಡಿದು ಮಾರುವ ಕಳ್ಳರು ಪಿಕಪ್ ಗಾಡಿಗಳಲ್ಲಿ ಬರುತ್ತಿದ್ದರು. ಮನುಷ್ಯನನ್ನು ಕಂಡು ಓಡುವ ಪ್ರಾಣಿಗೆ ಮಾತ್ರ ಅಲ್ಲಿ ಆಯುಷ್ಯ.

ಅತ್ತಿಗೆಯ ದಿನಚರಿ ಊರಿನಲ್ಲಿದ್ದಾಗ ಹೇಗಿತ್ತೋ ಬಯಲಿನಲ್ಲೂ ಹಾಗೆಯೇ ಇತ್ತು. ಟ್ಯಾಂಕರಿನ ನೀರಿನಲ್ಲೇ ಮಿಂದು, ಹೊಸ್ತಿಲಿಗೆ ರಂಗೋಲಿಯೆಳೆದು, ದೀಪ ಹಚ್ಚಿ, ಅಡುಗೆ ಮಾಡಿ, ನೈವೇದ್ಯವಾದ ಮೇಲೆ ಗೋಗ್ರಾಸ. ಹಸುವಿಗೆ ಒಂದು ಹಿಡಿ ಕೊಡದೆ ತಾನು ಉಣ್ಣುವುದಿಲ್ಲವೆಂಬುದು ಮದುವೆಯಾಗಿ ಬಂದ ದಿನ ಅವರ ಅತ್ತೆ ಹಾಕಿಕೊಟ್ಟ ನಿಯಮ. ಬಯಲಿನಲ್ಲಿ ಹಸುವೆಲ್ಲಿ? ನಮ್ಮ ಹಿರಿಯ ಕಾವಲುಗಾರರೊಬ್ಬರ ಆಡುಗಳಿದ್ದವು. ಆಡಿಗೆ ಕೊಟ್ಟರೆ ಆಗುತ್ತದೆಯೇ ಎಂದು ಬಂದ ಹೊಸದರಲ್ಲಿ ನನ್ನನ್ನು ಕೇಳಿದ್ದರು. ಆಪತ್ಕಾಲಕ್ಕೆ ಆಗುತ್ತದೆಯೆಂದಿದ್ದೆ. ಅಂದಿನಿಂದ ಪ್ರತಿ ಮಧ್ಯಾಹ್ನ ಉಗ್ರಾಣದ ಬಾಗಿಲಿಗೆ ಬಂದು ಒಂದು ಹಿಡಿ ಕುದುರೆಮೆಂತ್ಯ ಒಯ್ಯುವರು. ಅವರು ಬರುವುದು ಬಳೆಯ ಸದ್ದಿನಿಂದಲೇ ನನಗೆ ತಿಳಿಯುತ್ತಿತ್ತು. ಕೈತುಂಬ ಹಸಿರು ಗಾಜಿನ ಬಳೆ. ಒಂದು ಒಡೆದರೂ ಅವರಿಗೆ ಕಸಿವಿಸಿ. ನಮ್ಮಲ್ಲಿ ಯಾರಾದರೂ ಸಾಮಾನಿಗೆಂದು ಮಸ್ಕತ್ತಿನ ರೂವಿ ಪೇಟೆಗೆ ಹೋದರೆ ಅಲ್ಲಿಯ ಅಂಗಡಿಯಿಂದ ಬಳೆ ತರಬೇಕು, ಅದೂ ಹತ್ತಿಯಲ್ಲಿ ಸುತ್ತಿ, ಮಡಿಲಲ್ಲಿಟ್ಟುಕೊಂಡು.

ಮರುಭೂಮಿಯ ಅಲೆಮಾರಿ ಬೆದುವಿನ್ ಜನಾಂಗದ ಆ ಹಿರಿಯ ಕಾವಲುಗಾರರಿಗೂ ಅತ್ತಿಗೆಗೂ ಹರಕುಮುರುಕು ಹಿಂದಿಯಲ್ಲಿ ಬಹಳ ಸ್ನೇಹ. ಶಿಬಿರದ ಬೆನ್ನಿಗೆ ಒಂದು ಗಾಫ್ ಮರವಿತ್ತು. ಅದು ನಮ್ಮ ಬನ್ನಿಯೇ ಎಂದು ಮೊದಲು ಗುರುತಿಸಿದವರು ಅತ್ತಿಗೆ. ಎಲೆಯನ್ನು ಕಣ್ಣಿಗೊತ್ತಿಕೊಂಡು ಅತ್ತೇಬಿಟ್ಟಿದ್ದರು. ಆ ವರ್ಷದ ವಿಜಯದಶಮಿಗೆ ನಾವು ಮೂವರು ಆ ಮರಕ್ಕೆ ಪ್ರದಕ್ಷಿಣೆ ಬಂದೆವು. ದೂರದಲ್ಲಿ ನಿಂತು ನೋಡುತ್ತಿದ್ದ ಕಾವಲುಗಾರರಿಗೂ ಅತ್ತಿಗೆ ಎಲೆ ಕೊಟ್ಟು, ಇದು ಚಿನ್ನ, ಇಟ್ಟುಕೊಳ್ಳಿ ಎಂದರು. ಅವರು ಗಂಭೀರವಾಗಿ ಅದನ್ನು ರುಮಾಲಿನ ಮಡಿಕೆಗೆ ಸಿಕ್ಕಿಸಿಕೊಂಡು, ಈ ಚಿನ್ನವನ್ನು ನನ್ನ ಒಂಟೆ ದಿನಾ ತಿನ್ನುತ್ತದೆ ತಂಗೀ, ಅದಕ್ಕೇ ಅದಕ್ಕೆ ಅಷ್ಟು ಜಂಬ ಎಂದರು.

ಆ ಚಳಿಗಾಲದಲ್ಲಿ ಕರು ಬಂತು. ಬಯಲಿನಲ್ಲಿ ಒಂದು ತಾಯಿ ಓರಿಕ್ಸ್ ಸತ್ತುಬಿದ್ದಿತ್ತು. ಕೊರಳಿನಲ್ಲಿ ಹಗ್ಗದ ಗಾಯ. ಕಳ್ಳರ ಕೈಯಿಂದ ತಪ್ಪಿಸಿಕೊಂಡು ಓಡಿ ಪ್ರಾಣ ಬಿಟ್ಟಿರಬೇಕು. ಪಕ್ಕದ ಪೊದೆಯಲ್ಲಿ ಅಡಗಿದ್ದ ಎಳೆಗರುವನ್ನು ಕಾವಲುಗಾರರು ತೋಳಿನಲ್ಲಿ ಎತ್ತಿಕೊಂಡು ಬಂದರು. ಹುಟ್ಟಿದ ಓರಿಕ್ಸ್ ಬೆಳ್ಳಗಿರುವುದಿಲ್ಲ, ಮಣ್ಣಿನ ಬಣ್ಣ. ಕಣ್ಣು ಮಾತ್ರ ಕಾಡಿಗೆ ತೀಡಿದಂತೆ.

ಡಾಕ್ಟರು ಅದನ್ನು ಉಳಿಸುವ ಪಣ ತೊಟ್ಟರು. ಆದರೆ ಬರಿದೇ ಉಳಿಸಿದರೆ ಸಾಲದು. ಮನುಷ್ಯರ ನಂಟು ಅಂಟದಂತೆ ಉಳಿಸಬೇಕು. ಮನುಷ್ಯನನ್ನು ತಾಯಿಯೆಂದು ತಿಳಿದ ಕರು ನಾಳೆ ಕಳ್ಳರ ಗಾಡಿಯ ಬಳಿಗೂ ತಾನಾಗಿಯೇ ಹೋಗುತ್ತದೆ. ಅಂಥದನ್ನು ಬಯಲಿಗೆ ಬಿಡುವಂತಿರಲಿಲ್ಲ. ಸಾಯುವವರೆಗೆ ಬೇಲಿಯೊಳಗೇ. ಆದ್ದರಿಂದ ಆಡಿನ ಹಾಲನ್ನು ಬೆಚ್ಚಗೆ ಮಾಡಿ, ಗೋಣಿತಟ್ಟಿನ ಪರದೆಯ ಹಿಂದೆ ಕುಳಿತು, ಮುಖ ಮುಚ್ಚಿಕೊಂಡು, ಪರದೆಯ ತೂತಿನಿಂದ ಬಾಟಲಿಯ ಮೂತಿಯನ್ನಷ್ಟೇ ಹೊರಗಿಟ್ಟು ಕುಡಿಸುವುದು. ಮಾತಿಲ್ಲ, ಕೆಮ್ಮಿಲ್ಲ. ಬೇರೆ ಯಾರೂ ಆ ಬೇಲಿಯ ಬಳಿ ಸುಳಿಯಬಾರದೆಂದು ಕಟ್ಟಪ್ಪಣೆ.

ಡಾಕ್ಟರೆಂದರೆ ನಿದ್ದೆಯಲ್ಲೂ ಮಾತನಾಡುವ ಮನುಷ್ಯ. ಅಂಥವರು ದಿನಕ್ಕೆ ಹಲವು ಬಾರಿ ಮೌನವ್ರತ ಹಿಡಿದು ಪರದೆಯ ಹಿಂದೆ ಕೂರುವುದನ್ನು ನೋಡಿ ಶಿಬಿರವೆಲ್ಲ ನಗುತ್ತಿತ್ತು. ಹೊರಗೆ ಬಂದೊಡನೆ ಕಟ್ಟಿಟ್ಟ ಮಾತನ್ನೆಲ್ಲ ನಮ್ಮ ಮೇಲೆ ಸುರಿಯುವರು. ಅತ್ತಿಗೆ ಹಾಲು ಬಿಸಿಮಾಡಿ ಬಾಟಲಿ ತುಂಬಿ ಕೊಟ್ಟು, ಬಾಗಿಲಲ್ಲೇ ನಿಂತು ಬೇಲಿಯ ಕಡೆಗೆ ಕೈಮುಗಿಯುವರು.

“ನೋಡಿದಿರಾ ಶಾಸ್ತ್ರಿಗಳೇ,” ಎಂದು ಡಾಕ್ಟರು ನನಗೆ ಹೇಳುವರು. “ಮೂವತ್ತಮೂರು ಕೋಟಿ ದೇವರು ಸಾಲದೆ ಇವಳು ನನ್ನ ಪೇಷಂಟನ್ನೂ ಪಟ್ಟಿಗೆ ಸೇರಿಸಿದ್ದಾಳೆ.”

“ಪೇಷಂಟು ಹೇಗೂ ಉಳಿಯುವುದು ದೇವರಿಂದಲೇ ಅಲ್ವಾ, ನಿಮ್ಮಿಂದ ಅಂತ ಗ್ರಹಿಸಿದ್ರಾ?” ಎಂದು ಅತ್ತಿಗೆ ಒಳಗಿನಿಂದಲೇ ಹೇಳುವರು.

ಒಂದು ದಿನ ಕಾವಲುಗಾರರು ನಮ್ಮ ಜಗಲಿಯಲ್ಲಿ ಕುಳಿತು ಕಾವಾ ಎಂಬ ಅರಬ್ಬೀ ಕಾಫಿ ಕುಡಿಯುತ್ತ, ತಮ್ಮ ಹಿರಿಯರು ಈ ಪ್ರಾಣಿಯನ್ನು ಕಾಡುಹಸು ಎಂದೇ ಕರೆಯುತ್ತಿದ್ದರೆಂದು ಹೇಳಿದರು. ಜಂಗಲ್ ಕಾ ಗಾಯ್ ಎಂದು ಅವರು ಬಿಡಿಸಿ ಹೇಳಿದಾಗ ಅತ್ತಿಗೆಯ ಮುಖ ಅರಳಿದ್ದು ನನಗೆ ಈಗಲೂ ನೆನಪಿದೆ. ಗೊರಸು ನೋಡಿ, ಬಾಲ ನೋಡಿ, ನಾನು ಮೊದಲೇ ಹೇಳಲಿಲ್ಲವಾ ಎಂದರು. ಆ ಮಾತು ಅಲ್ಲಿಗೇ ಮುಗಿಯಿತೆಂದು ನಾವೆಲ್ಲ ತಿಳಿದೆವು.

ಕರು ಬೆಳೆಯಿತು. ಹಾಲು ಬಿಟ್ಟು ಮೇವಿಗೆ ಬಂತು. ಮೈಯ ಮಣ್ಣುಬಣ್ಣ ಕಳೆದು ಬೆಳ್ಳಗಾಗತೊಡಗಿತು, ಹಣೆಯಲ್ಲಿ ಕೊಂಬು ಚುಚ್ಚಿ ಮೇಲೆದ್ದವು. ಬಯಲಿಗೆ ಬಿಡಲೆಂದು ಆರಿಸಿಟ್ಟಿದ್ದ ಸಣ್ಣ ಹಿಂಡೊಂದು ದೊಡ್ಡ ಬೇಲಿಯೊಳಗಿತ್ತು. ಮಳೆ ಬಿದ್ದು ಹುಲ್ಲು ಚಿಗುರಿದೊಡನೆ ಆ ಹಿಂಡನ್ನು ಬಿಡುವುದು, ಕರು ಯೋಗ್ಯವೆಂದು ಕಂಡರೆ ಅದನ್ನೂ ಜೊತೆಗೆ ಬಿಡುವುದೆಂದು ಮೇಲಿನವರು ತೀರ್ಮಾನಿಸಿದರು. ಯೋಗ್ಯತೆಯನ್ನು ಅಳೆಯುವ ಬಗೆ ಸರಳವಾಗಿತ್ತು. ಮನುಷ್ಯನೊಬ್ಬ ಅದರತ್ತ ನಡೆದುಹೋಗಬೇಕು. ಕರು ಓಡಿದರೆ ಬಿಡುಗಡೆ, ನಿಂತರೆ ಇಲ್ಲ.

ಆ ಬೆಳಗ್ಗೆ ನಾವೆಲ್ಲ ಮೇವಿನ ಕೊಟ್ಟಿಗೆಯ ಮರೆಯಲ್ಲಿ ನಿಂತಿದ್ದೆವು. ಕಾವಲುಗಾರರು ಬೇಲಿಯೊಳಗೆ ಹೊಕ್ಕು ನಡೆದರು. ಕರು ತಲೆಯೆತ್ತಿ ನೋಡಿ, ಚಂಗನೆ ನೆಗೆದು, ಬೇಲಿಯ ಆ ಕೊನೆಗೆ ಓಡಿತು. ಮೇಲಿನವರು ತಲೆಯಾಡಿಸಿದರು. ಡಾಕ್ಟರ ಮುಖದಲ್ಲಿ ತಂದೆಯೊಬ್ಬನ ಹೆಮ್ಮೆ. ನನ್ನ ಪಕ್ಕದಲ್ಲಿದ್ದ ಅತ್ತಿಗೆ ಸಂತೋಷದಿಂದ ಕೈಯೆತ್ತಿ, ಗಾಳಿಗೆ ಜಾರಿದ ಸೆರಗನ್ನು ಸರಿಪಡಿಸಿಕೊಂಡರು.

ಬಳೆ ಘಲ್ಲೆಂದವು.

ಆ ಕೊನೆಯಲ್ಲಿದ್ದ ಕರು ಕಿವಿ ನಿಮಿರಿಸಿತು. ಬಳಿಕ ಬೇಲಿಯ ಅಷ್ಟುದ್ದವನ್ನೂ ಕುಣಿಯುತ್ತ ದಾಟಿ, ಕಾವಲುಗಾರರ ಪಕ್ಕದಿಂದಲೇ ಹಾದು, ಕೊಟ್ಟಿಗೆಯ ಬಳಿ ಬಂದು ತಂತಿಯ ಸಂದಿನಿಂದ ಮೂತಿ ಹೊರಗಿಟ್ಟು ನಿಂತಿತು. ಡಾಕ್ಟರು ಹೆಂಡತಿಯನ್ನೇ ನೋಡುತ್ತಿದ್ದರು. ಅತ್ತಿಗೆ ತಮ್ಮ ಕೈಗಳನ್ನು ನೋಡಿಕೊಳ್ಳುತ್ತಿದ್ದರು.

ಕಾಡುಹಸುವೆಂಬ ಮಾತು ಕಿವಿಗೆ ಬಿದ್ದ ಮರುದಿನದಿಂದಲೇ ಆಡುಗಳ ಪಾಲಿನ ಹಿಡಿಹುಲ್ಲು ಕರುವಿಗೆ ಹೋಗುತ್ತಿತ್ತು. ಡಾಕ್ಟರ ಅಪ್ಪಣೆಯನ್ನು ಮೀರುತ್ತಿದ್ದೇನೆಂದು ಅತ್ತಿಗೆಗೆ ಅನಿಸಿರಲಿಲ್ಲ. ಎಲ್ಲರೂ ಊಟಕ್ಕೆ ಕುಳಿತ ಹೊತ್ತಿನಲ್ಲಿ, ತಲೆಯ ಮೇಲೆ ಸೆರಗು ಹೊದ್ದು, ಕರುವಿನತ್ತ ಕಣ್ಣೆತ್ತಿಯೂ ನೋಡದೆ, ತುಟಿ ಬಿಚ್ಚದೆ, ತಂತಿಯ ಕೆಳಗಿನಿಂದ ಹುಲ್ಲನ್ನು ಸರಿಸಿ ಬರುತ್ತಿದ್ದರಂತೆ. ಸದ್ದೇ ಮಾಡಲಿಲ್ಲವೆಂದು ಅವರು ದೇವರಾಣೆ ಹಾಕಿ ಹೇಳಿದರು, ಮನಃಪೂರ್ವಕವಾಗಿ ಹೇಳಿದರು. ಹುಟ್ಟಿದಂದಿನಿಂದ ಕೈಯಲ್ಲಿದ್ದ ಆ ಸದ್ದು ಅವರ ಪಾಲಿಗೆ ಸದ್ದೇ ಆಗಿರಲಿಲ್ಲ. ತನ್ನ ಉಸಿರು ತನಗೆ ಕೇಳಿಸದ ಹಾಗೆ…

ಮೇಲಿನವರು ಕರುವನ್ನು ಬೇಲಿಯಲ್ಲೇ ಉಳಿಸುವುದೆಂದರು. ಡಾಕ್ಟರು ಬೇಡಿಕೊಂಡರು. ಹಿಂಡನ್ನು ಬಿಡುವ ದಿನ ಇನ್ನೊಮ್ಮೆ ಪರೀಕ್ಷಿಸಲು ಒಪ್ಪಿಗೆ ಸಿಕ್ಕಿತು. ಮಳೆ ಯಾವ ದಿನವೂ ಬರಬಹುದಿತ್ತು.

ಆ ಮನೆಯಲ್ಲಿ ಮೊದಲ ಬಾರಿ ಮಾತು ನಿಂತಿತು. ಬಳೆ ತೆಗೆದಿಡು ಎಂದು ಡಾಕ್ಟರು ಹೇಳಿದ್ದರಂತೆ. ಮುತ್ತೈದೆಯ ಕೈ ಬರಿದಾಗುವುದು ಯಾವಾಗ ಎಂದು ತಿಳಿದೂ ಹೇಳುತ್ತೀರಾ ಎಂದು ಅತ್ತಿಗೆ ಕೇಳಿದ್ದರಂತೆ. ಡಾಕ್ಟರು ಮತ್ತೆ ಆ ಮಾತೆತ್ತಲಿಲ್ಲ. ಅತ್ತಿಗೆ ಹಳೆಯ ಸೀರೆಯ ಅಂಚನ್ನು ಹರಿದು ಬಳೆಗಳ ಮೇಲೆ ಬಿಗಿಯಾಗಿ ಸುತ್ತಿಕೊಂಡರು. ಉಗ್ರಾಣಕ್ಕೆ ಬಂದು ನಿಂತರೂ ನನಗೆ ತಿಳಿಯುತ್ತಿರಲಿಲ್ಲ. ತಲೆಯೆತ್ತಿದರೆ ಅವರು ಅಲ್ಲಿರುತ್ತಿದ್ದರು. ನಾನು ಬೆಚ್ಚುತ್ತಿದ್ದೆ.

ಹಾಗೆ ಬಂದು ನಿಂತ ಒಂದು ಮಧ್ಯಾಹ್ನ ಅವರು ಹುಲ್ಲು ಕೇಳಲಿಲ್ಲ. ಸದ್ದು ಅಡಗಿಸಿದ ಮಾತ್ರಕ್ಕೆ ಕರು ಅದನ್ನು ಮರೆಯುವುದಿಲ್ಲವೆಂದು ಕಾವಲುಗಾರರು ಅವರಿಗೆ ಹೇಳಿದ್ದರು. ಬಯಲಿನಲ್ಲಿ ಎಂದೋ ಯಾವಳೋ ಒಬ್ಬಳ ಬಳೆಯೋ, ಗಾಡಿಯ ಸರಪಳಿಯೋ ಹಾಗೆ ಸದ್ದು ಮಾಡಿದರೆ ಸಾಕು, ಓಡಿಬರುತ್ತದೆ. ಕರೆದವರೇ ಅಟ್ಟಬೇಕು, ಬೇರೆಯವರು ಅಟ್ಟಿದರೆ ಅದು ನಿಮ್ಮ ಬಳಿಗೇ ಓಡಿಬರುತ್ತದೆ ತಂಗೀ ಎಂದಿದ್ದರು. ಅಟ್ಟುವುದೆಂದರೆ ಬಳೆ ಕುಲುಕಿ ಹತ್ತಿರ ಕರೆದು, ಕಲ್ಲಿನಿಂದ ಹೊಡೆಯುವುದು.

“ಶಾಸ್ತ್ರಿಗಳೇ, ಗೋವಿಗೆ ಕಲ್ಲೆತ್ತಿದರೆ ಎಂತ ಪಾಪ?” ಎಂದು ಅತ್ತಿಗೆ ಕೇಳಿದರು. “ಇದು ಗೋವಲ್ಲ ಅಂತ ಹೇಳಿ ತಪ್ಪಿಸಿಕೊಳ್ಳಬೇಡಿ. ನನಗೆ ಅದು ಗೋವೇ.”

ಪಾಠಶಾಲೆಯಲ್ಲಿ ಕಲಿತದ್ದನ್ನೆಲ್ಲ ಮನಸ್ಸಿನಲ್ಲಿ ತಿರುವಿಹಾಕಿದೆ. ಸುಳ್ಳು ಹೇಳುವ ಧೈರ್ಯವಿರಲಿಲ್ಲ.

“ಪಾಪ ಉಂಟು ಅತ್ತಿಗೆ. ದೊಡ್ಡದೇ. ಆದರೆ ಪ್ರಾಯಶ್ಚಿತ್ತವೂ ಉಂಟು.”

ಅವರು ಹುಲ್ಲಿನ ರಾಶಿಯ ಕಡೆ ತಿರುಗಿದರು.

“ನನ್ನಿಂದಾಗಿ ಅದು ಬದುಕಿಡೀ ಬೇಲಿಯೊಳಗೆ ಕೂತರೆ, ಅದಕ್ಕೆ ಪ್ರಾಯಶ್ಚಿತ್ತ ಉಂಟಾ?”

ಇಲ್ಲವೆಂದು ತಲೆಯಾಡಿಸಿದೆ.

“ಹಾಗಾದರೆ ಪ್ರಾಯಶ್ಚಿತ್ತ ಇರುವ ಪಾಪವೇ ಆಗಲಿ,” ಎಂದು ಹೇಳಿ ಕೈಗೆ ಸುತ್ತಿದ್ದ ಬಟ್ಟೆಯ ಗಂಟನ್ನು ಹಲ್ಲಿನಿಂದ ಬಿಚ್ಚತೊಡಗಿದರು.

ಮರುದಿನ ಮುಂಜಾನೆ ಮಂಜು ಕವಿದಿತ್ತು. ಅತ್ತಿಗೆ ಮಿಂದು, ದೀಪ ಹಚ್ಚಿ, ಹಣೆಗೆ ಕುಂಕುಮವಿಟ್ಟು, ಸೀರೆಯ ಸೆರಗನ್ನು ಸೊಂಟಕ್ಕೆ ಬಿಗಿದು ಬಂದರು. ಕಲ್ಲಿನ ಬದಲು ಒಣಗಿದ ಮಣ್ಣಿನ ಹೆಂಟೆಗಳನ್ನು ಡಾಕ್ಟರು ಬುಟ್ಟಿಯಲ್ಲಿ ತುಂಬಿಟ್ಟಿದ್ದರು. ಮೂಳೆಗೆ ಪೆಟ್ಟಾಗಬಾರದು, ಚರ್ಮಕ್ಕೆ ಚುರುಕು ಮುಟ್ಟಬೇಕು ಎಂದಷ್ಟೇ ಹೇಳಿ ಅವರು ಹಿಂದೆ ಸರಿದರು. ಕಾವಲುಗಾರರೂ ನಾನೂ ಕೊಟ್ಟಿಗೆಯ ಬಳಿ ನಿಂತೆವು.

ಅತ್ತಿಗೆ ಬೇಲಿಯೊಳಗೆ ಹೋಗಿ ಕೈ ಕುಲುಕಿದರು. ಮಂಜಿನೊಳಗಿಂದ ಕರು ಓಡಿಬಂತು. ಮೊದಲ ಹೆಂಟೆ ಅದರ ಮುಂದೆ ಬಿದ್ದು ಪುಡಿಯಾಯಿತು. ಕರು ತಲೆ ಬಗ್ಗಿಸಿ ಅದನ್ನು ಮೂಸಿತು. ಹುಲ್ಲೆಂದು ತಿಳಿಯಿತೇನೋ… ಮಣ್ಣನ್ನು ಒಮ್ಮೆ ನೆಕ್ಕಿ, ತಲೆಯೆತ್ತಿ ಅವರ ಮುಖವನ್ನೇ ನೋಡಿತು. ನನ್ನ ಪಕ್ಕದಲ್ಲಿದ್ದ ಕಾವಲುಗಾರರು ಮುಖ ತಿರುಗಿಸಿ ದೇವರ ಹೆಸರೆತ್ತಿದರು.

ಎರಡನೆಯದು ಭುಜಕ್ಕೆ ತಾಗಿತು. ಕರು ಬೆಚ್ಚಿ ಹಿಂದೆ ಸರಿದು, ಏನೋ ತಪ್ಪು ತಿಳಿದಿರಬೇಕೆಂಬಂತೆ ಮತ್ತೆ ಹತ್ತಿರ ಬಂತು. ಅತ್ತಿಗೆ ಮತ್ತೆ ಬಳೆ ಕುಲುಕಿದರು, ಮತ್ತೆ ಎಸೆದರು. ಸದ್ದು, ಪೆಟ್ಟು. ಸದ್ದು, ಪೆಟ್ಟು. ಹೋಗು ಎಂದು ತುಳುವಿನಲ್ಲಿ ಗದರಿಸುತ್ತಿದ್ದ ಅವರ ದನಿ ಬರುಬರುತ್ತ ಒಡೆಯಿತು. ಎಸೆಯುವ ರಭಸಕ್ಕೆ ಬಳೆಗಳು ಒಂದಕ್ಕೊಂದು ತಾಗಿ ಕೆಲವು ಚೂರಾಗಿ ಮಣಿಕಟ್ಟಿನಲ್ಲಿ ರಕ್ತ ಜಿನುಗಿತು. ಅವರು ನಿಲ್ಲಿಸಲಿಲ್ಲ. ಕಡೆಗೆ ಕರು ಅವರಿಗೆ ಬೆನ್ನು ಹಾಕಿ ಮಂಜಿನೊಳಗೆ ಓಡಿತು. ಕೈ ಕುಲುಕಿದರೂ ಬರಲಿಲ್ಲ. ಆಗ ಅತ್ತಿಗೆ ಮಂಡಿಯೂರಿ ಕುಳಿತು, ಒಡೆದ ಬಳೆಯ ಚೂರುಗಳನ್ನು ಮಣ್ಣಿನಿಂದ ಒಂದೊಂದಾಗಿ ಆರಿಸಿ ಸೆರಗಿಗೆ ಹಾಕಿಕೊಂಡರು. ಕರುವಿನ ಗೊರಸಿಗೆ ಚುಚ್ಚಬಾರದಲ್ಲ.

ಅಂದು ಅವರು ನೀರನ್ನೂ ಮುಟ್ಟಲಿಲ್ಲ. ಡಾಕ್ಟರೂ ಉಣ್ಣಲಿಲ್ಲ. ಮಧ್ಯಾಹ್ನ ಅವರಿಬ್ಬರೂ ಬನ್ನಿಯ ಮರದ ಬುಡದಲ್ಲಿ ಕುಳಿತಿದ್ದರು. ಡಾಕ್ಟರು ಹೆಂಡತಿಯ ಮಣಿಕಟ್ಟಿಗೆ ಔಷಧ ಹಚ್ಚಿ ಪಟ್ಟಿ ಕಟ್ಟುತ್ತಿದ್ದರು. ಕರುವಿನ ಹಾಲಿನ ಬಾಟಲಿಯ ಹಾಗೆಯೇ ಜಾಗ್ರತೆಯಿಂದ ಆ ಕೈಯನ್ನು ಹಿಡಿದಿದ್ದರು.

ಒಂದು ದಿನಕ್ಕೆ ಮುಗಿಯುವ ಕೆಲಸವಾಗಿರಲಿಲ್ಲ ಅದು. ಬಳೆಯ ಸದ್ದು ಕೇಳಿದೊಡನೆ ಕರು ಓಡುವಂತಾಗುವ ತನಕ ನಡೆಯಿತು. ಪ್ರತಿಸಲವೂ ಉಪವಾಸ. ಅಕ್ಕಿ, ಬೇಳೆ ತರಲು ರೂವಿಗೆ ಹೋದವನು ಹತ್ತಿಯಲ್ಲಿ ಸುತ್ತಿ ಹೊಸ ಬಳೆ ತಂದುಕೊಟ್ಟೆ. ಎಷ್ಟು ಗಟ್ಟಿ ಸದ್ದು ಮಾಡುತ್ತವೆಂದು ಕುಲುಕಿ ನೋಡಿ ತೆಗೆದುಕೊಂಡರು.

ಮಳೆ ಬಂತು. ಬಯಲು ಹಸಿರಾಯಿತು. ಹಿಂಡನ್ನು ಬಿಡುವ ದಿನ ಕಾವಲುಗಾರರು ಕರುವಿನತ್ತ ನಡೆದರು, ಅದು ಓಡಿತು. ಮೇಲಿನವರು ಅತ್ತಿಗೆಯ ಕಡೆ ನೋಡಿದರು. ಅತ್ತಿಗೆ ಮುಂದೆ ಬಂದು ಎರಡೂ ಕೈಯೆತ್ತಿ ಬಳೆ ಕುಲುಕಿದರು. ಕರು ಹಿಂಡಿನ ಮಧ್ಯೆ ನುಗ್ಗಿ ಮರೆಯಾಯಿತು. ಬಾಗಿಲು ತೆರೆದರು. ಬಿಳಿಯ ಬೆನ್ನುಗಳು ಒಂದರ ಹಿಂದೆ ಒಂದು ಬೇಲಿ ದಾಟಿ, ಜಾಲಿಯ ಮರಗಳ ನಡುವೆ ಕರಗಿಹೋದವು.

ಪೇಷಂಟ್ ಫೀಸು ಕೊಡದೆ ಓಡಿದ ನೋಡಿ ಶಾಸ್ತ್ರಿಗಳೇ ಎಂದು ಡಾಕ್ಟರು ಅಂದರು. ಅವರ ಕಣ್ಣು ತುಂಬಿತ್ತು.

ಮುಂದೆ ಕೆಲವು ತಿಂಗಳಾದ ಮೇಲೆ ಒಂದು ಸಂಜೆ ಕಾವಲುಗಾರರ ಗಾಡಿಯಲ್ಲಿ ನಾವೆಲ್ಲ ಬಯಲಿಗೆ ಹೋಗಿದ್ದಾಗ ದೂರದಲ್ಲಿ ಆ ಹಿಂಡು ಕಂಡಿತು. ಕಿವಿಯ ಗುರುತಿನಿಂದ ನಮ್ಮ ಕರುವನ್ನು ಡಾಕ್ಟರು ದುರ್ಬೀನಿನಲ್ಲಿ ಹುಡುಕಿಕೊಟ್ಟರು. ಪೂರಾ ಬೆಳ್ಳಗಾಗಿತ್ತು. ಗಾಳಿ ನಮ್ಮಿಂದ ಅವುಗಳತ್ತ ಬೀಸುತ್ತಿತ್ತು. ಅತ್ತಿಗೆ ಗಾಡಿಯಿಂದಿಳಿದು ನಾಲ್ಕು ಹೆಜ್ಜೆ ನಡೆದು ನಿಂತರು. ಕೈಯೆತ್ತಬೇಕೋ ಬೇಡವೋ ಎಂದು ಬಹಳ ಹೊತ್ತು ಯೋಚಿಸಿದಂತೆ ತೋರಿತು. ಆಮೇಲೆ ಮೆಲ್ಲನೆ ಒಂದೇ ಒಂದು ಸಲ ಕುಲುಕಿದರು. ಅದು ತಲೆಯೆತ್ತಿತು. ಅವರತ್ತ ನೋಡಿತು. ಮರುಕ್ಷಣ ಧೂಳೆಬ್ಬಿಸಿ ಓಡಿತು, ಅದರ ಹಿಂದೆ ಹಿಂಡೆಲ್ಲ ಓಡಿತು.

“ಓಡಿತು,” ಎಂದರು ಅತ್ತಿಗೆ. ನಮ್ಮ ಕಡೆ ತಿರುಗಿ ಮತ್ತೊಮ್ಮೆ, “ಓಡಿತು ಅಲ್ವಾ?”

ನಗುತ್ತಿದ್ದರು. ಅಳುತ್ತಲೂ ಇದ್ದರು. ದೇವಸ್ಥಾನದಲ್ಲಿ ಹರಕೆ ತೀರಿಸಿ ಹೊರಗೆ ಬರುವವರ ಮುಖದಲ್ಲಿ ನಾನು ಅಂಥ ಶಾಂತಿಯನ್ನು ಕಂಡಿದ್ದೇನೆ.

ಅಂದಿನಿಂದ ಅವರ ಗೋಗ್ರಾಸ ಮತ್ತೆ ಆಡುಗಳಿಗೆ ಹೋಯಿತು. ಆಪತ್ಕಾಲ ಮುಗಿಯಲಿಲ್ಲ ನೋಡಿ ಎನ್ನುತ್ತಿದ್ದರು. ಕೆಲವು ವರ್ಷಗಳ ಬಳಿಕ ನಾನು ಮಸ್ಕತ್ತಿನ ಕಚೇರಿಯೊಂದಕ್ಕೆ ಬಂದೆ. ಅವರು ಊರಿಗೆ ಮರಳಿದರು. ಆ ಬಯಲಿನ ಸುದ್ದಿಗಳು ಮಾತ್ರ ಒಳ್ಳೆಯವಿರಲಿಲ್ಲ. ಕಳ್ಳರ ಕಾಟ ಹೆಚ್ಚಿ, ಬಿಟ್ಟ ಹಿಂಡುಗಳು ಕರಗುತ್ತ ಬಂದು, ಉಳಿದವನ್ನು ಹಿಡಿದು ಮತ್ತೆ ಬೇಲಿಯೊಳಗೆ ತರಬೇಕಾಯಿತೆಂದು ಕೇಳಿದೆ. ಈಗ ಪುನಃ ಬಿಡುತ್ತಿದ್ದಾರೆಂದೂ ಕೇಳಿದ್ದೇನೆ. ನಮ್ಮ ಕರು ಏನಾಯಿತೆಂದು ಹೇಳುವವರು ಯಾರೂ ಉಳಿದಿಲ್ಲ. ಕಡೆಯವರೆಗೂ ಓಡುತ್ತಲೇ ಇದ್ದಿತೆಂದು ನಂಬಿದ್ದೇನೆ…

ಡಾಕ್ಟರು ಮೊದಲು ಹೋದರು. ವರ್ಷಾಂತಿಕ ಕಳೆದ ಮೇಲೆ ರಜೆಯಲ್ಲಿ ಊರಿಗೆ ಹೋದವನು ಅತ್ತಿಗೆಯನ್ನು ಅವರ ತಂಗಿಯ ಮನೆಯಲ್ಲಿ ಕಂಡೆ. ತುಂಬಿದ ಮನೆ, ಹಟ್ಟಿಯಲ್ಲಿ ಎರಡು ಹಸು. ಗೋಗ್ರಾಸಕ್ಕೆ ಇನ್ನು ಶಾಸ್ತ್ರ ಕೇಳಬೇಕಾಗಿರಲಿಲ್ಲ. ಅತ್ತಿಗೆ ಸದ್ದಿಲ್ಲದೆ ಬಂದು ನನ್ನ ಹಿಂದೆ ನಿಂತಿದ್ದರು. ತಿರುಗಿ ನೋಡಿ ಬೆಚ್ಚಿದೆ, ಅಂದು ಉಗ್ರಾಣದಲ್ಲಿ ಬೆಚ್ಚಿದ ಹಾಗೆಯೇ. ನನ್ನ ದೃಷ್ಟಿ ಅವರ ಬರಿಗೈಗಳ ಮೇಲೆ ಬಿದ್ದುದನ್ನು ಅವರು ಕಂಡರು. ಕೈಯನ್ನು ಸೆರಗಿನಲ್ಲಿ ಮರೆಮಾಡಲಿಲ್ಲ. ಮಣಿಕಟ್ಟಿನಲ್ಲಿ ಹಳೆಯ ಗಾಯದ ಸಣ್ಣ ಗೆರೆಯೊಂದು ಹಾಗೆಯೇ ಇತ್ತು.

“ಇನ್ನು ಅದು ನನ್ನನ್ನು ಕಂಡು ಓಡಲಿಕ್ಕಿಲ್ಲ, ಶಾಸ್ತ್ರಿಗಳೇ,” ಎಂದರು.

ಬಳಿಕ ಕಾಫಿ ತಂದುಕೊಟ್ಟು, ಮಸ್ಕತ್ತಿನಲ್ಲಿ ಈ ವರ್ಷ ಸೆಖೆ ಹೇಗುಂಟು ಎಂದು ವಿಚಾರಿಸಿದರು.

ಹೋದ ಮಾಘದಲ್ಲಿ ಅವರು ತೀರಿಕೊಂಡರೆಂದು ತಂಗಿಯ ಮನೆಯವರು ಫೋನು ಮಾಡಿದ್ದರು. ಮಿಂದು ಬಂದು, ತರ್ಪಣ ಬಿಡುವ ಹಕ್ಕಿನ ನಂಟು ನನಗಿ‌ಲ್ಲದ ಕಾರಣ, ಸುಮ್ಮನೆ ದೇವರ ಮುಂದೆ ಕುಳಿತಿದ್ದೆ. ಅಂದು ಕಣ್ಣೀರು ಬರಲಿಲ್ಲ. ಇಂದು ಈ ಹಿಡಿಹುಲ್ಲು ಅದನ್ನು ತಂದಿತು.

ಪೂಜೆ ಮುಗಿದು ನೈವೇದ್ಯವಾದ ಮೇಲೆ, ಉಣ್ಣುವ ಮೊದಲು, ಆ ಕುದುರೆಮೆಂತ್ಯವನ್ನು ಬಾಳೆಲೆಯ ತುಂಡಿನ ಮೇಲಿಟ್ಟು ಬಾಲ್ಕನಿಗೆ ಒಯ್ದೆ. ಮೂರನೆಯ ಮಹಡಿಗೆ ಯಾವ ಹಸು ಬರುತ್ತದೆ? ಆದರೂ ಇಟ್ಟು ಕೈಮುಗಿದೆ. ಬಿಸಿಲಿಗೆ ಸಂಜೆಯ ಹೊತ್ತಿಗೆ ಅದು ಬಾಡಿ ಸುರುಟಿತು. ಗಂಧ ಮಾತ್ರ ಇನ್ನೂ ಗಾಢವಾಯಿತು.

ಅದನ್ನು ತೆಗೆದು ಗುಡಿಸಲೆಂದು ಮಗಳು ಬಂದಳು. ಶುಕ್ರವಾರದ ಪೂಜೆಗೆಂದು ಅವಳು ಗಾಜಿನ ಬಳೆ ತೊಟ್ಟಿದ್ದಳು. ಬಗ್ಗಿದಾಗ ಅವು ಘಲ್ಲೆಂದವು. ನನಗರಿವಿಲ್ಲದೆಯೇ ತಲೆಯೆತ್ತಿ ದೂರಕ್ಕೆ ನೋಡಿದೆ. ಹೆದ್ದಾರಿ, ಅದರಾಚೆ ಕಟ್ಟಡಗಳು, ಇನ್ನೂ ಆಚೆ ಬೋಳು ಬೆಟ್ಟಗಳ ಸಾಲು…

ಅಲ್ಲಿ ಯಾವುದೂ ಓಡಲಿಲ್ಲ.